ಇಲ್ಲಿ ಯಾರೂ ನಟಿಸಿಲ್ಲ

ಲೆನಿನ್‌ಗ್ರಾಡ್
೨೪ ಏಪ್ರಿಲ್ ೧೯೩೪, ರಜೆಯ ದಿನ

ಪ್ರೀತಿಯ ಫೇನ್ಯಾ,

ಹೀಗೆ ಕರೆಯುವ ಹಕ್ಕು ನನಗೆ ಉಳಿದಿದೆಯೋ ಇಲ್ಲವೋ ತಿಳಿಯದು. 'ಗೌರವಾನ್ವಿತ ಫೆದೋಸ್ಯಾ ಕಾರ್ಪೊವ್ನಾ' ಎಂದು ಶುರು ಮಾಡಿ ನೋಡಿದೆ. ಒಂದೇ ರಜಾಯಿಯಡಿ ಹನ್ನೊಂದು ಚಳಿಗಾಲ ಮಲಗಿದವಳನ್ನು ಹಾಗೆ ಕರೆದರೆ ಅದು ಇನ್ನೊಂದು ಸುಳ್ಳಾಗುತ್ತದೆ, ನನ್ನ ಹೆಸರಿನಲ್ಲಿ ಸುಳ್ಳುಗಳು ಈಗಾಗಲೇ ಸಾಕಷ್ಟಿವೆ. ಆ ಹಾಳೆಯನ್ನು ಹರಿದು ಹಾಕಿದೆ.

ನಿನ್ನ ಪತ್ರ ಬಂದು ಹದಿನೆಂಟು ದಿನವಾಯಿತು. ಐದು ವರ್ಷದ ಮೇಲೆ ಬಂದ ಪತ್ರದಲ್ಲಿ ಎರಡೇ ಸಾಲು. ಅಪ್ಪ ಫೆಬ್ರವರಿಯಲ್ಲಿ ತಿಖ್ವಿನ್‌ನಲ್ಲಿ ತೀರಿಕೊಂಡರು ಎಂಬುದು ಒಂದು. ಆ ಚಿತ್ರದಲ್ಲಿ ಅಪ್ಪ ಯಾತಕ್ಕೆ ನಕ್ಕರು, ನಿನಗೆ ಗೊತ್ತಿದ್ದರೆ ಬರೆ ಎಂಬುದು ಇನ್ನೊಂದು. ಮೊದಲ ಸಾಲು ಓದಿ ಅತ್ತೆ. ಎರಡನೆಯದನ್ನು ಓದಿ ಅಳು ನಿಂತುಹೋಯಿತು. ಕಾಗದವನ್ನು ಮಡಿಸಿ ಸಕ್ಕರೆ ಡಬ್ಬಿಯ ಕೆಳಗೆ ಇಟ್ಟೆ, ಮತ್ತೆ ತೆಗೆದೆ, ಮತ್ತೆ ಇಟ್ಟೆ. ಚಹಾಕ್ಕೆ ಸಕ್ಕರೆ ಹಾಕಿಕೊಳ್ಳುವುದನ್ನೇ ಬಿಟ್ಟಿದ್ದೇನೆ.

ನನಗೆ ಗೊತ್ತಿದೆ, ಫೇನ್ಯಾ. ಮೊದಲ ದಿನದಿಂದಲೂ ಗೊತ್ತಿತ್ತು. ಬರೆಯುತ್ತೇನೆ. ಆದರೆ ನನ್ನ ಚಾಳಿ ನಿನಗೆ ಗೊತ್ತಲ್ಲ. ಸೌತೆಕಾಯಿ ಉಪ್ಪಿನಕಾಯಿಯ ಜಾಡಿ ಒಡೆದವರು ಯಾರು ಎಂದು ಕೇಳಿದರೆ ನಾನು ಹೋದ ವಾರದ ಮಳೆಯಿಂದ ಕಥೆ ತೆಗೆಯುತ್ತಿದ್ದೆ. ನಿನ್ನ ಅಪ್ಪ, ನನ್ನ ಕಾರ್ಪ್ ಮಾಮ, ಮೀಸೆಯಡಿ ನಗುತ್ತಾ ಹೇಳುತ್ತಿದ್ದರು: "ಗ್ಲಾಶಾ, ಒಲೆ ಹಚ್ಚು ಅಂದ್ರೆ ಕಾಡು ನೆಡೋಕೆ ಹೋಗ್ತೀಯಲ್ಲೇ!" ಇವತ್ತೂ ಸ್ವಲ್ಪ ಕಾಡು ನೆಡುತ್ತೇನೆ, ಸಹಿಸಿಕೋ.

ನಮ್ಮಮ್ಮ ಟೈಫಸ್ ಜ್ವರದಲ್ಲಿ ಹೋದಾಗ ನನಗೆ ಹದಿಮೂರು, ನಿನಗೆ ಹನ್ನೊಂದು. ಪಕ್ಕದ ಕೋಣೆಯವರು ನನ್ನನ್ನು ಅನಾಥಾಲಯಕ್ಕೆ ಸೇರಿಸುವ ಮಾತಾಡುತ್ತಿದ್ದರು. ಕಾರ್ಪ್ ಮಾಮ ಕೈಯಲ್ಲಿ ಒಣಗಿದ ಜೇಡಿಮಣ್ಣಿನ ಸಮೇತ ಬಂದು ನಮ್ಮ ಬಾಗಿಲಲ್ಲಿ ನಿಂತರು. "ನಮ್ಮನೇಲಿ ತಟ್ಟೆ ಮೂರಿವೆ. ಒಂದು ಸುಮ್ನೆ ಧೂಳು ತಿಂತಾ ಕೂತಿದೆ, ಬಾ," ಎಂದರು. ಆ ಮೂರನೆಯ ತಟ್ಟೆ ತೀರಿಹೋದ ನಿಮ್ಮಮ್ಮನದು ಎಂದು ನನಗೆ ತಿಳಿದದ್ದು ಎಷ್ಟೋ ದಿನದ ಮೇಲೆ. ಹನ್ನೊಂದು ವರ್ಷ ಆ ತಟ್ಟೆಯಲ್ಲಿ ಉಂಡೆ. ಉಂಡ ಮನೆಗೆ ಎರಡು ಬಗೆಯುವುದು ಎನ್ನುತ್ತಾರಲ್ಲ, ಅದನ್ನು ಬೇರೆ ಯಾರ ಬಗ್ಗೆಯೋ ಆಡುವ ಮಾತು ಅಂದುಕೊಂಡಿದ್ದೆ.

ಸ್ಟುಡಿಯೋದಲ್ಲಿ ನನಗೆ ಅಂಟಿಸುವ ಕೋಣೆಯಲ್ಲಿ ಕೆಲಸ ಸಿಕ್ಕಾಗ ನಮ್ಮಿಬ್ಬರಿಗಿಂತ ಹೆಚ್ಚು ಹಿಗ್ಗಿದವರು ಅವರೇ. ಬಿಳಿ ಕೈಗವಸು ಹಾಕಿಕೊಂಡು, ಕತ್ತರಿ ಹಿಡಿದು, ಪೇರು ಹಣ್ಣಿನ ವಾಸನೆಯ ಅಂಟಿನಿಂದ ಫಿಲ್ಮಿನ ತುಂಡಿಗೆ ತುಂಡು ಜೋಡಿಸುವುದು ನಮ್ಮ ಕಸುಬು. ಮನೆಗೆ ಬಂದರೆ ಮಾಮ ನನ್ನ ತಲೆ ಮೂಸಿ, "ತೋಟಕ್ಕೆ ಹೋಗಿದ್ಯೇನೇ, ಒಂದು ಪೇರು ಹಣ್ಣಾದ್ರೂ ಕದ್ದು ತರಬಾರ್ದಾ?" ಎನ್ನುತ್ತಿದ್ದರು.

ಆ ಚಿತ್ರದ ಹೆಸರನ್ನು ಇಲ್ಲಿ ಬರೆಯಲಾರೆ. ಕೈ ಬರುವುದಿಲ್ಲ. ನಿನಗೆ ನೆನಪಿರುವಂತೆ ನಿರ್ದೇಶಕ ಝುರಾವ್ಸ್ಕಿಗೆ ನಟರೆಂದರೆ ಆಗದು. "ನಟ ಸುಳ್ಳು ಹೇಳ್ತಾನೆ, ಮುಖ ಹೇಳಲ್ಲ. ನನಗೆ ಮುಖ ತಂದ್ಕೊಡಿ," ಎಂಬುದು ಅವರ ಪಾಠ. ನೇಯ್ಗೆಯವಳ ಪಾತ್ರಕ್ಕೆ ನೇಯ್ಗೆಯವಳೇ, ಕುಡುಕನಿಗೆ ಕುಡುಕನೇ ಬೇಕು. ಕರ್ನಲ್‌ನ ಪಾತ್ರಕ್ಕೆ ಮಾತ್ರ ಮುಖ ಸಿಗಲಿಲ್ಲ. ತಮಾಷೆಯೆಂದರೆ ಉದ್ಯೋಗ ವಿನಿಮಯ ಕಚೇರಿಯ ಸಾಲಿನಲ್ಲಿ, ಕ್ರಾಂತಿಯ ವಿರುದ್ಧ ಕಾದಾಡಿದ ಬಿಳಿಯರ ಸೈನ್ಯದ ಅಸಲಿ ಕರ್ನಲ್‌ಗಳೇ ಮೂವರು ನಿಂತಿದ್ದರು. ಒಬ್ಬ ಔಷಧಿ ಅಂಗಡಿಯವನ ಹಾಗೆ, ಇನ್ನೊಬ್ಬ ಯಾರದೋ ಸೋದರತ್ತೆಯ ಹಾಗೆ, ಮೂರನೆಯವನು ಹಸಿದ ನಾಯಿಯ ಹಾಗೆ ಕಾಣುತ್ತಿದ್ದ. ಕರ್ನಲ್‌ನ ಹಾಗೆ ಕಂಡವರು ನಮ್ಮ ಒಲೆ ಕಟ್ಟುವ ಕಾರ್ಪ್ ಮಾಮ ಒಬ್ಬರೇ. ಆ ನೆಟ್ಟನೆ ಬೆನ್ನು, ಕೆನ್ನೆಯ ತನಕ ಬಾಚಿದ ನರೆತ ಮೀಸೆ, ಹುಬ್ಬಿನ ಮೇಲೆ ಇಟ್ಟಿಗೆ ಬಿದ್ದು ಆದ ಗಾಯದ ಗುರುತು. ಕತ್ತಿಯ ಗಾಯವೆಂದೇ ಎಲ್ಲರೂ ನಂಬಿದರು.

ಅವರನ್ನು ಕರೆದುಕೊಂಡು ಹೋದವಳು ನಾನು. ಅದನ್ನು ನೀನು ಬಲ್ಲೆ. ರಟ್ಟಿನ ಭುಜಪಟ್ಟಿ ಕಟ್ಟಿಸಿಕೊಂಡು ಕನ್ನಡಿ ಮುಂದೆ ನಿಂತು, "ಈ ನನ್ಮಗನ ಮನೇಲಿ ನಾನು ಒಲೆ ಕಟ್ಟಿದ್ರೆ ಸೀಸೆ ಕತ್ತು ಇಟ್ಟೇ ಇಡ್ತಿದ್ದೆ," ಎಂದರು. ಜಿಪುಣರ ಮನೆಯ ಹೊಗೆಗೂಡಿನಲ್ಲಿ ಒಡೆದ ಸೀಸೆಯ ಕತ್ತು ಹುದುಗಿಸಿ, ಗಾಳಿ ಬೀಸಿದಾಗೆಲ್ಲ ಒಲೆ ಊಳಿಡುವ ಹಾಗೆ ಮಾಡುತ್ತಿದ್ದರಲ್ಲ, ಆ ಮಾತು. ಸ್ಟುಡಿಯೋ ಕ್ಯಾಂಟೀನಿನ ಊಟ ಅವರಿಗೆ ಸೇರುತ್ತಿರಲಿಲ್ಲ. ಶಿಕ್ಷಕರ ತರಬೇತಿ ಸಂಸ್ಥೆಯಲ್ಲಿ ಪಾಠ ಮುಗಿಸಿಕೊಂಡು ನೀನು ನೀಲಿ ಕ್ಯಾನಿನಲ್ಲಿ ಎಲೆಕೋಸಿನ ಸಾರು ತಂದುಕೊಡುತ್ತಿದ್ದೆ. ಕರ್ನಲ್ ಸಾಹೇಬರು ಉಪ್ಪು ಸುರಿದು ಮಾಡಿದ ಹಿಮದ ಪಕ್ಕ ಕೂತು ಸಾರು ಕುಡಿಯುತ್ತಿದ್ದರು.

ಈಗ ಮೂರನೆಯ ರೀಲಿಗೆ ಬರಬೇಕು.

ಕರ್ನಲ್ ಮೆಟ್ಟಿಲ ಮೇಲೆ ನಿಂತಿದ್ದಾನೆ. ಅಂಗಳದಲ್ಲಿ ಅವನ ಅಪ್ಪಣೆಯಂತೆ ಐವರು ಕಾರ್ಮಿಕರನ್ನು ಗುಂಡಿಟ್ಟು ಕೊಲ್ಲುತ್ತಾರೆ. ಒಳಗೆ ಬಾಗಿಲ ಸಂದಿಯಿಂದ ಮಗಳು ನೋಡುತ್ತಾಳೆ. ಅಲ್ಲಿಂದ ಮುಂದೆ ಅಪ್ಪನೋ, ನಂಬಿದ ದಾರಿಯೋ ಎಂಬುದೇ ಅವಳ ಸಂಕಟ. ಕೊನೆಯ ರೀಲಿನಲ್ಲಿ ಅವಳೇ ಅಪ್ಪನನ್ನು ಹಿಡಿದುಕೊಡುತ್ತಾಳೆ. ಝುರಾವ್ಸ್ಕಿ ತೆಗೆದ ದೃಶ್ಯದಲ್ಲಿ ಮಾಮನ ಮುಖ ಸುಮ್ಮನೆ ಇತ್ತು. ನೂಲಿನ ಗಿರಣಿಯ ಕ್ಲಬ್ಬಿನಲ್ಲಿ ಚಿತ್ರವನ್ನು ಮೊದಲು ತೋರಿಸಿ, ನೋಡಿದವರಿಂದ ಚೀಟಿ ಬರೆಸಿಕೊಂಡೆವು. ನೂರಾರು ಚೀಟಿಗಳಲ್ಲಿ ಒಂದೇ ದೂರು: ಕರ್ನಲ್ ಒಳ್ಳೆಯವನ ಹಾಗೆ ಕಾಣುತ್ತಾನೆ, ಮಗಳು ಅವನನ್ನು ಹಿಡಿದುಕೊಟ್ಟಿದ್ದು ತಪ್ಪು ಅನ್ನಿಸುತ್ತದೆ. ಒಬ್ಬಳಂತೂ 'ಈ ಮುದುಕನಿಗೆ ಯಾರಾದರೂ ಚಹಾ ಕೊಡಿ' ಎಂದು ಬರೆದಿದ್ದಳು. ಝುರಾವ್ಸ್ಕಿ ತಲೆಯ ಮೇಲೆ ಕೈ ಹೊತ್ತು ಕೂತರು. ಆಮೇಲೆ ಕರ್ನಲ್ ನಗುವ ತುಂಡೊಂದನ್ನು ಹುಡುಕಿ ಅಲ್ಲಿ ಸೇರಿಸಲು ನನಗೆ ಹೇಳಿದರು.

ಮೇಲಿನ ಕೊನೆಯ ವಾಕ್ಯವನ್ನು ಹೊಡೆದು ಹಾಕಬೇಕಿತ್ತು. ಹಾಗೆಯೇ ಬಿಟ್ಟಿದ್ದೇನೆ, ಈಗಲೂ ನನ್ನ ಕೈ ಎಷ್ಟು ಸಲೀಸಾಗಿ ಸುಳ್ಳು ಬರೆಯುತ್ತದೆ ಎಂದು ನೀನು ನೋಡಲಿ ಅಂತ. ನನಗೆ ಯಾರೂ ಹೇಳಲಿಲ್ಲ. ಅವರು ಸಿಗರೇಟು ಸೇದಲು ಹೊರಗೆ ಹೋಗಿದ್ದರು. ಬೇಡದ ತುಂಡುಗಳನ್ನು ತೂಗುಹಾಕುವ ಮೊಳೆಗಳ ಸಾಲಿನಲ್ಲಿ ಮಾಮ ನಗುವ ತುಂಡೊಂದು ಇದೆ ಎಂದು ನನಗೇ ನೆನಪಾಯಿತು. ಅದು ಚಿತ್ರಕ್ಕೆಂದು ತೆಗೆದದ್ದಲ್ಲ. ಕ್ಯಾಮೆರಾದವನು ಮುಖ ಚೆನ್ನಾಗಿದೆಯೆಂದು ಸುಮ್ಮನೆ ಹಿಡಿ ತಿರುಗಿಸುತ್ತಾ ಹೋಗಿದ್ದ. ನಾನು ಅದರಿಂದ ಎರಡು ಸೆಕೆಂಡಿನಷ್ಟು ಕತ್ತರಿಸಿದೆ. ಐದನೆಯವನು, ಆ ಎಳೆಯ ಮುಖದವನು, ಹಿಮದ ಮೇಲೆ ಬೀಳುತ್ತಾನಲ್ಲ, ಅವನು ಬಿದ್ದ ತಕ್ಷಣಕ್ಕೆ ಅಂಟಿಸಿದೆ.

ಅಷ್ಟೇ. ಕತ್ತರಿಯ ಎರಡು ಏಟು, ಒಂದು ಹನಿ ಅಂಟು.

ಓಡಿಸಿ ನೋಡಿದಾಗ ಕೋಣೆಯಲ್ಲಿದ್ದ ಮೂವರು ಹೆಂಗಸರೂ ಬಾಯಿಗೆ ಕೈ ಇಟ್ಟುಕೊಂಡರು. ಝುರಾವ್ಸ್ಕಿ ಎರಡನೆಯ ಸಲ ಓಡಿಸಲು ಹೇಳಿದರು. ಆಮೇಲೆ ನನ್ನ ಕೈಯನ್ನು ಕೈಗವಸಿನ ಸಮೇತ ಎತ್ತಿ ಮುತ್ತಿಟ್ಟು, "ಗ್ಲಾಫಿರಾ, ನೀವು ಈ ಚಿತ್ರಾನ ಉಳಿಸಿದ್ರಿ," ಎಂದರು. ನಾನು ಹಿಗ್ಗಿದೆ, ಫೇನ್ಯಾ. ಅದನ್ನೂ ಬರೆಯಬೇಕು. ಆ ನಗು ಯಾರದು, ಯಾತಕ್ಕೆ ಬಂದದ್ದು ಎಂದು ಗೊತ್ತಿದ್ದೂ ಹಿಗ್ಗಿದೆ. ಶುರುವಿನ ಹೆಸರುಗಳಲ್ಲಿ ನನ್ನ ಹೆಸರೂ ಬಂತು, 'ಸಂಕಲನ ಸಹಾಯ' ಎಂದು. ಅವತ್ತು ಮನೆಗೆ ಕೇಕು ತಂದೆ. ನಾವು ಮೂವರೂ ತಿಂದೆವು. ಯಾವ ಸಂತೋಷಕ್ಕೆ ಎಂದು ಮಾಮ ಕೇಳಿದರು. ಸಂಬಳ ಹೆಚ್ಚಾಯಿತು ಎಂದೆ.

ಚಿತ್ರಮಂದಿರದಲ್ಲಿ ನಾವು ಒಂದೇ ಸಾಲಿನಲ್ಲಿ ಕೂತಿದ್ದೆವು. ಮಾಮ ನಡುವೆ, ನೀನು ಬಲಕ್ಕೆ, ನಾನು ಎಡಕ್ಕೆ. ಮಾಮ ಇಸ್ತ್ರಿ ಮಾಡಿದ ಅಂಗಿ ಹಾಕಿ, ಮೀಸೆಗೆ ಎಣ್ಣೆ ಹಚ್ಚಿ ಬಂದಿದ್ದರು. ತೆರೆಯ ಮೇಲೆ ತಮ್ಮನ್ನು ಕಂಡಾಗೆಲ್ಲ ಮೊಣಕೈಯಿಂದ ನನ್ನನ್ನು ತಿವಿಯುತ್ತಿದ್ದರು. ಮೂರನೆಯ ರೀಲಿನಲ್ಲಿ ಮೂಕಿ ಚಿತ್ರದ ಜೊತೆ ನುಡಿಸುತ್ತಿದ್ದ ಪಿಯಾನೋದವನು, ಹೇಳಿಕೊಟ್ಟಂತೆ, ಐದನೆಯವನು ಬಿದ್ದಾಗ ನುಡಿಸುವುದನ್ನು ನಿಲ್ಲಿಸಿ ಕೈ ಎತ್ತಿಬಿಟ್ಟ. ಮಾಮ ತೆರೆಯ ತುಂಬ ನಕ್ಕರು. ಮುಂದಿನ ಸಾಲಿನ ಹೆಂಗಸು "ಅಯ್ಯೋ, ರಾಕ್ಷಸ!" ಎಂದು ಕೂಗಿದಳು. ಮಾಮನ ಮೊಣಕೈ ನನ್ನ ಪಕ್ಕೆಯಿಂದ ಹಿಂದೆ ಸರಿಯಿತು. ಅವರು ತೆರೆಯನ್ನು ಬಿಟ್ಟು ನನ್ನ ಕಡೆ ತಿರುಗಿದರು. ಕೋಪ ಇರಲಿಲ್ಲ. ಒಲೆ ಸರಿಯಾಗಿ ಕಟ್ಟಿಯೂ ಹೊಗೆ ಒಳಕ್ಕೆ ಬಂದಾಗ ಎಲ್ಲಿ ತಪ್ಪಾಯಿತು ಎಂದು ನೋಡುತ್ತಿದ್ದರಲ್ಲ, ಹಾಗೆ ನೋಡಿದರು. ಅವರ ಆ ಕಡೆಯಿಂದ ನೀನು ಅವರನ್ನು ನೋಡುತ್ತಿದ್ದೆ.

ಮನೆಗೆ ಬಂದ ಮೇಲೆ ನೀನು ಶಾಲು ಕೂಡ ಬಿಚ್ಚದೆ ಕೇಳಿದೆ: "ಅಪ್ಪಾ, ಯಾಕೆ ನಕ್ಕೆ ನೀನು?"

ಮಾಮ ಒಲೆಯ ಬಾಗಿಲು ತೆರೆದು ಬೂದಿ ಕೆದಕತೊಡಗಿದರು. "ಏನೇನೋ ಮಾಡಿಸಿದ್ರಮ್ಮ. ಯಾವುದು ಯಾವಾಗ ಅಂತ ನೆನಪಿರುತ್ತಾ?" ಎಂದರು.

ನೀನು ಬಿಡಲಿಲ್ಲ. "ನಿನಗೆ ನಟನೆ ಬರಲ್ಲ ಅಪ್ಪಾ. ಹೊಸ ವರ್ಷಕ್ಕೆ ಮಕ್ಕಳ ಮುಂದೆ ಕರಡಿ ವೇಷ ಹಾಕಿದಾಗ್ಲೂ ನೀನು ಕಾರ್ಪ್ ಆಗೇ ಇದ್ದೆ. ಅದು ನಿಜವಾದ ನಗು. ಅಂಥದ್ದನ್ನ ನೋಡಿ ಮನುಷ್ಯನಾದವನಿಗೆ ನಗು ಹೆಂಗೆ ಬರುತ್ತೆ?"

ಅವರು ಕೆದಕುಗೋಲು ಹಿಡಿದು ಕಾದರು. ಯಾರಿಗಾಗಿ ಎಂದು ನಿನಗೆ ಗೊತ್ತಾಗಲಿಲ್ಲ. ನನಗಾಗಿ. ನಾನೇ ಬಾಯಿ ಬಿಟ್ಟು, 'ಫೇನ್ಯಾ, ಅವರ ಮುಂದೆ ಹೆಣವೂ ಇರಲಿಲ್ಲ, ಬಂದೂಕವೂ ಇರಲಿಲ್ಲ, ಅಂಟಿಸಿದವಳು ನಾನು,' ಎನ್ನಲಿ ಎಂದು ಕಾದರು. ನಾನು ಕಾಲುಚೀಲ ಹೊಲೆಯುತ್ತಾ ಕೂತಿದ್ದೆ. ಹರಿದಿಲ್ಲದ ಜಾಗದಲ್ಲೂ ಹೊಲಿಗೆ ಹಾಕಿದೆ. ನಾಳೆ ಹೇಳಿದರಾಯಿತು ಎಂದುಕೊಂಡೆ. ಮಾಮ ಒಲೆಯ ಬಾಗಿಲು ಮುಚ್ಚಿದರು.

ನಾಳೆ ಎಂಬುದು ಬರಲಿಲ್ಲ. ಚಿತ್ರ ಓಡಿದಷ್ಟೂ ಮಾಮನಿಗೆ ಬೀದಿಯಲ್ಲಿ ಓಡಾಡುವುದು ಕಷ್ಟವಾಯಿತು. ಬ್ರೆಡ್ಡಿನ ಸಾಲಿನಲ್ಲಿ, "ಕರ್ನಲ್ ಸಾಹೇಬ್ರಿಗೆ ದಾರಿ ಬಿಡ್ರೋ, ಇಲ್ದಿದ್ರೆ ಗೋಡೆಗೆ ನಿಲ್ಲಿಸಿ ಗುಂಡು ಹೊಡಿಸ್ತಾರೆ," ಎನ್ನುತ್ತಿದ್ದರು. ಮೊದಮೊದಲು ಅದು ತಮಾಷೆಯಾಗಿತ್ತು. ಮಾಮನೂ ಸಲಾಮು ಹೊಡೆದು ನಗಿಸುತ್ತಿದ್ದರು. ಬೇಸಿಗೆಯ ಹೊತ್ತಿಗೆ ಯಾರೋ ಉಗಿದರು. ಅವರು ಒಲೆ ನೋಡಿಕೊಳ್ಳುತ್ತಿದ್ದ ಶಾಲೆಯಲ್ಲಿ ಮಕ್ಕಳ ತಾಯಂದಿರು ಅರ್ಜಿ ಕೊಟ್ಟರು. ಊರ ಗೋಡೆಗಳ ಮೇಲೆಲ್ಲ ಅವರ ನಗುಮುಖದ ಭಿತ್ತಿಪತ್ರ ಇತ್ತು. ಅದರ ಕೆಳಗೆ ಝುರಾವ್ಸ್ಕಿಯ ಹೆಮ್ಮೆಯ ಸಾಲು, ಕೆಂಪು ಅಕ್ಷರದಲ್ಲಿ: 'ಇಲ್ಲಿ ಯಾರೂ ನಟಿಸಿಲ್ಲ.'

ನವೆಂಬರಿನಲ್ಲಿ ಶಾಲೆಯಲ್ಲಿ ಶುದ್ಧೀಕರಣದ ಸಭೆ ನಡೆಯಿತು, ಹಳೆಯ ವೈರಿಗಳನ್ನು ಹುಡುಕಿ ಕೆಲಸದಿಂದ ತೆಗೆಯುವ ಸಭೆ. ನೀನು ಅಲ್ಲಿದ್ದೆ, ಆದರೆ ನಾನು ಕಂಡಂತೆ ಅದನ್ನು ನಿನಗೆ ಹೇಳಬೇಕು. ವ್ಯಾಯಾಮದ ಕೋಣೆ, ಕೆಂಪು ಬಟ್ಟೆ ಹೊದಿಸಿದ ಮೇಜು, ಕಮಿಷನ್ನಿನ ಮೂವರು. ಅಧ್ಯಕ್ಷೆ ತಂಬಾಕು ಕಾರ್ಖಾನೆಯಿಂದ ಬಂದ ದಪ್ಪ ಹೆಂಗಸು, ಮಾತು ಒರಟು, ಮನಸ್ಸು ಕೆಟ್ಟದ್ದಲ್ಲ. ಮಾಮ ಕೋಣೆಯ ನಡುವೆ ಟೋಪಿ ಕೈಯಲ್ಲಿ ಹಿಡಿದು ನಿಂತಿದ್ದರು, ಅದೇ ನೆಟ್ಟನೆ ಬೆನ್ನು. ಯಾರೋ ಕೂಗಿದರು: "ನೋಡ್ರೀ ನಿಂತಿರೋ ಗತ್ತು! ಕರ್ನಲ್ ಅಲ್ದೆ ಮತ್ತಿನ್ನೇನು?"

೧೯೧೯ರಲ್ಲಿ, ಅಂತರ್ಯುದ್ಧದ ಹೊತ್ತಿಗೆ, ಪ್ಸ್ಕೋವ್ ಊರಿನಲ್ಲಿ ಬಿಳಿಯರ ಕಚೇರಿಗೆ ಕೆಲಸ ಮಾಡಿದೆಯಾ ಎಂದು ಕೇಳಿದರು. ಮಾಮ ಒಪ್ಪಿಕೊಂಡರು. "ಮೂರು ಒಲೆ ಕಟ್ಟಿದೆ. ಒಂದು ಚೀಲ ಹಿಟ್ಟು ಕೊಡ್ತೀವಿ ಅಂದ್ರು, ಅರ್ಧ ಚೀಲ ಕೊಟ್ರು. ಅದಕ್ಕೇ ಮೂರರಲ್ಲೂ ಸೀಸೆ ಕತ್ತು ಇಟ್ಟು ಬಂದೆ. ಆಮೇಲೆ ಅವರು ಓಡಿಹೋದ್ರು. ಒಲೆ ಊಳಿಡೋದಕ್ಕೋ, ಕೆಂಪು ಸೈನ್ಯ ಬಂದಿದ್ದಕ್ಕೋ, ನಾನು ಹೇಳಲಾರೆ." ಜನ ನಕ್ಕರು. ಅಧ್ಯಕ್ಷೆಯೂ ನಕ್ಕಳು. ಫೇನ್ಯಾ, ಆ ಗಳಿಗೆಯಲ್ಲಿ ಅವರು ಗೆದ್ದಿದ್ದರು. ಇನ್ನೊಂದೇ ಒಳ್ಳೆಯ ಮಾತು ಬಿದ್ದಿದ್ದರೆ ಮನೆಗೆ ಬಂದು ಸಾರು ಕುಡಿಯುತ್ತಿದ್ದರು.

ಅಷ್ಟರಲ್ಲಿ ಒಬ್ಬ ಮೇಷ್ಟ್ರು ಎದ್ದು ಭಿತ್ತಿಪತ್ರವನ್ನು ಬಿಡಿಸಿ ಹಿಡಿದ. "ಒಡನಾಡಿಗಳೇ, ಈ ಮನುಷ್ಯ ಚೆನ್ನಾಗಿ ತಮಾಷೆ ಮಾಡ್ತಾನೆ, ಒಪ್ಕೊಂಡೆ. ಆದ್ರೆ ಇದನ್ನೂ ನೋಡಿ. ನಿರ್ದೇಶಕರೇ ಬರೆದಿದ್ದಾರೆ, ಇಲ್ಲಿ ಯಾರೂ ನಟಿಸಿಲ್ಲ ಅಂತ. ಹಾಗಾದ್ರೆ ಕಾರ್ಮಿಕರು ಸಾಯೋದನ್ನ ನೋಡಿ ಈ ನಗು ಎಲ್ಲಿಂದ ಬಂತು?"

ಅಧ್ಯಕ್ಷೆ ಮಾಮನನ್ನು ಕೇಳಿದಳು. ಮಾಮ ನನ್ನ ಕಡೆ ಒಮ್ಮೆ, ನಿನ್ನ ಕಡೆ ಒಮ್ಮೆ ನೋಡಿ, "ನೆನಪಿಲ್ಲ," ಎಂದರು. ಸ್ಟುಡಿಯೋದವರು ಯಾರಾದರೂ ಇದ್ದೀರಾ ಎಂದಳು. ಎಲ್ಲರೂ ನನ್ನತ್ತ ತಿರುಗಿದರು, ಏಳಲೇಬೇಕಾಯಿತು. "ಹೇಳಮ್ಮ, ಹೆದರ್ಬೇಡ. ಅವರಿಗೆ ನಗು ಅಂತ ಹೇಳಿದ್ರಾ? ಆ ಫಿಲ್ಮಿನ ಉಳಿದ ಭಾಗ ಇದೆಯಾ? ಇದ್ರೆ ತಾ, ನೋಡೇಬಿಡೋಣ," ಎಂದಳು. ಎಷ್ಟು ಮೆತ್ತಗೆ ಕೇಳಿದಳೆಂದರೆ ಈಗ ನೆನೆದರೂ ನನ್ನ ಕಿವಿ ಸುಡುತ್ತದೆ.

"ನನಗೆ ಸರಿಯಾಗಿ ಗೊತ್ತಿಲ್ಲ. ನಿರ್ದೇಶಕರನ್ನ ಕೇಳ್ಬೇಕು. ಉಳಿದ ತುಂಡುಗಳೆಲ್ಲ ತೊಳೆಯೋಕೆ ಹೋದ್ವು," ಎಂದೆ.

ಅಡ್ಡಗೋಡೆಯ ಮೇಲೆ ದೀಪ ಇಟ್ಟೆ ಅಂದುಕೊಂಡೆ. ದೀಪವನ್ನೇ ಆರಿಸಿದ್ದೆ. ಉಳಿದ ಎಲ್ಲ ತುಂಡುಗಳೂ ತೊಳೆಯಲು ಹೋಗಿದ್ದು ನಿಜ. ಮೇಲಿನ ಚಿತ್ರವನ್ನು ತೊಳೆದು ತೆಗೆದು, ಉಳಿದ ಸೆಲ್ಯುಲಾಯ್ಡಿನಿಂದ ಬಾಚಣಿಗೆ ಮಾಡುತ್ತಿದ್ದರು. ಆದರೆ ಆ ಒಂದು ತುಂಡು ನನ್ನ ಮೇಜಿನ ಡ್ರಾಯರಿನಲ್ಲಿ, ಚಹಾದ ತಗಡಿನ ಡಬ್ಬಿಯಲ್ಲಿ ಇತ್ತು. ಯಾಕೆ ಸುಳ್ಳು ಹೇಳಿದೆ? ಅದೇ ತಿಂಗಳು ಸ್ಟುಡಿಯೋದಲ್ಲೂ ಶುದ್ಧೀಕರಣ ನಡೆಯುವುದಿತ್ತು. ಚಿತ್ರವನ್ನು ಹೊರದೇಶಕ್ಕೆ ಕಳಿಸಲು ಆರಿಸಿದ್ದರು. ಎಲ್ಲರೂ ಹೊಗಳಿದ ಆ ಜೋಡಣೆಯೇ ಮೋಸ ಎಂದು ನಾನು ಬಾಯಿ ಬಿಟ್ಟರೆ ಝುರಾವ್ಸ್ಕಿ ಹೋಗುತ್ತಿದ್ದರು, ಅವರ ಹಿಂದೆ ನಾನೂ. ಇದನ್ನೆಲ್ಲ ಆಗ ಇಷ್ಟು ವಿವರವಾಗಿ ಯೋಚಿಸಲಿಲ್ಲ. ನಾಲಿಗೆ ತನಗೆ ಬೇಕಾದದ್ದು ಹೇಳಿತು, ಕೂತೆ. ಕೂತ ಮೇಲೆ ಹಾಯೆನಿಸಿತು. ಐದು ವರ್ಷದಿಂದ ನನ್ನನ್ನು ಕೊಲ್ಲುತ್ತಿರುವುದು ಆ ಹಾಯೆನಿಸಿದ್ದೇ.

ಆಮೇಲೆ ನೀನು ಎದ್ದೆ. ಏನು ಹೇಳಿದೆ ಎಂದು ಇಲ್ಲಿ ಬರೆಯುವುದಿಲ್ಲ. ಒಂದು ವಾರದ ಮೇಲೆ ಪತ್ರಿಕೆಯ ಕೊನೆಯ ಪುಟದಲ್ಲಿ ಬಂದ ಎರಡು ಸಾಲಿನ ಪ್ರಕಟಣೆಯನ್ನೂ ಬರೆಯುವುದಿಲ್ಲ. ತಂದೆಯೊಂದಿಗೆ ಎಲ್ಲ ಸಂಬಂಧ ಕಡಿದುಕೊಂಡಿದ್ದೇನೆ ಎಂದು ಆ ವರ್ಷ ಎಷ್ಟು ಮಕ್ಕಳು ಹಾಕಿಸಲಿಲ್ಲ? ಹಾಕಿಸದಿದ್ದರೆ ನಿನ್ನನ್ನು ಶಿಕ್ಷಕರ ಸಂಸ್ಥೆಯಿಂದ ತೆಗೆಯುತ್ತಿದ್ದರು. ಆದರೆ ನೀನು ಬರೀ ಭಯಕ್ಕೆ ಬರೆಯಲಿಲ್ಲ ಎಂದು ನನಗೆ ಗೊತ್ತು. ಆ ನಗುವನ್ನು ನೀನು ನಂಬಿದ್ದೆ. ಚಿತ್ರದಲ್ಲಿ ಮಗಳು ಮಾಡಿದ್ದನ್ನೇ ನೀನೂ ಮಾಡಿದೆ. ಚಿತ್ರಮಂದಿರದಲ್ಲಿ ಅದಕ್ಕೆ ಜನ ಎದ್ದು ಚಪ್ಪಾಳೆ ತಟ್ಟಿದ್ದರು. ನಾನು ಅಂಟಿಸಿದ ಸುಳ್ಳಿನ ಮೇಲೆ ನೀನು ನಿನ್ನ ಪ್ರಾಮಾಣಿಕತೆಯನ್ನು ಕಟ್ಟಿದೆ, ಫೇನ್ಯಾ. ನಿನ್ನ ತಪ್ಪು ಎಷ್ಟು ಎಂದು ನೀನು ಅಳೆಯುವ ಮೊದಲು ಅಡಿಪಾಯ ಯಾರದು ಎಂದು ನೋಡು.

ಮಾಮನ ಕೆಲಸ ಹೋಯಿತು, ಬ್ರೆಡ್ಡಿನ ಪಡಿತರ ಚೀಟಿ ಹೋಯಿತು. ನೀನು ವಿದ್ಯಾರ್ಥಿನಿಲಯಕ್ಕೆ ಹೋಗಿಬಿಟ್ಟಿದ್ದೆ. ತಿಖ್ವಿನ್‌ನಲ್ಲಿದ್ದ ಸೋದರಸಂಬಂಧಿಯ ಮನೆಗೆ ಹೊರಟಾಗ ರೈಲು ನಿಲ್ದಾಣಕ್ಕೆ ಹೋದವಳು ನಾನೊಬ್ಬಳೇ. ಅವರ ಹತ್ತಿರ ಒಂದು ಗಂಟು, ಕರಣೆ ಮತ್ತು ಸುತ್ತಿಗೆ ಇತ್ತು. ನಾನು ಅಳುತ್ತಾ, "ಮಾಮ, ಈಗ್ಲೇ ಹೋಗಿ ಎಲ್ಲಾ ಹೇಳ್ಬಿಡ್ತೀನಿ," ಎಂದೆ. ಹೇಳುವುದಿಲ್ಲ ಎಂದು ನನಗೆ ಗೊತ್ತಿತ್ತು. ಅವರಿಗೂ ಗೊತ್ತಿತ್ತು, ಆದರೂ ನನ್ನ ಮುಖ ಉಳಿಸಿದರು.

"ಬೇಡ ಬಿಡು," ಎಂದರು. "ಮೊದ್ಲು ನಿನಗೋಸ್ಕರ ಸುಮ್ನಿದ್ದೆ. ಮನೇಲಿ ಇಬ್ಬರು ಹೆಣ್ಮಕ್ಕಳು ಕಿತ್ತಾಡಬಾರ್ದು ಅಂತ. ಈಗ ಅವಳಿಗೋಸ್ಕರ ಸುಮ್ನಿರ್ತೀನಿ. ಕಾರಣ ಗೊತ್ತಾದ್ರೆ ಆ ಹುಚ್ಚು ಹುಡುಗಿ ಪತ್ರಿಕೆಯವರ ಹತ್ರ ಓಡಿಹೋಗಿ ತನ್ನ ಸಾಲು ವಾಪಸ್ ಕೊಡಿ ಅಂತಾಳೆ. ಓದು ಹೋಗುತ್ತೆ, ಬಾಳು ಹೋಗುತ್ತೆ. ನಾನು ಬದುಕಿರೋ ತನಕ ಅವಳಿಗೆ ಹೇಳ್ಬೇಡ, ಗ್ಲಾಶಾ. ಅಪ್ಪ ಕೆಟ್ಟವನು ಅಂದ್ಕೊಂಡೇ ಇರ್ಲಿ. ಕೋಪ ಇದ್ರೆ ಮನುಷ್ಯ ಬೆಚ್ಚಗಿರ್ತಾನೆ."

ಅವರ ಮಾತುಗಳಲ್ಲಿ ನಾನು ನಡೆಸಿಕೊಟ್ಟದ್ದು ಇದೊಂದೇ. ಎಷ್ಟು ನಿಷ್ಠೆಯಿಂದ ನಡೆಸಿಕೊಟ್ಟೆ ನೋಡು! ಅವರೇ ಬೇಡವೆಂದರಲ್ಲ ಎಂದು ಐದು ವರ್ಷ ಅದರ ಹಿಂದೆ ಅಡಗಿ ಕೂತೆ. ತಿಖ್ವಿನ್ ರೈಲಿನಲ್ಲಿ ಅರ್ಧ ದಿನದ ದಾರಿ. ಒಂದು ಸಲವೂ ಹೋಗಲಿಲ್ಲ. ಎರಡು ಸಲ ಹಣ ಕಳಿಸಿದೆ. ಎರಡೂ ಸಲ ಹಿಂದಕ್ಕೆ ಬಂತು, ಜೊತೆಗೆ ಅವರ ದೊಡ್ಡ ಅಕ್ಷರದಲ್ಲಿ ಒಂದು ಸಾಲು: 'ಇಲ್ಲಿ ಚಳಿ ಜಾಸ್ತಿ, ಒಲೆಯ ಕೆಲಸ ಚೆನ್ನಾಗಿದೆ.' ಅವರು ಹೋದದ್ದನ್ನೂ ನಿನ್ನ ಪತ್ರದಿಂದಲೇ ತಿಳಿದೆ.

ಈಗ ನಮ್ಮಲ್ಲಿ ಮಾತಾಡುವ ಚಿತ್ರಗಳು ಬಂದಿವೆ. ಮೂಕಿ ಚಿತ್ರಗಳನ್ನು ಒಂದೊಂದಾಗಿ ತೊಳೆಯಲು ಕಳಿಸುತ್ತಿದ್ದಾರೆ. ಆ ಚಿತ್ರದ ಸರದಿ ಬರುವ ತಿಂಗಳು. ಝುರಾವ್ಸ್ಕಿ ಮಾಸ್ಕೋದಲ್ಲಿದ್ದಾರೆ, ಈಗ ನಟರನ್ನೇ ಹಾಕಿಕೊಳ್ಳುತ್ತಾರಂತೆ. ಇಲ್ಲಿ ನಮ್ಮ ಸ್ಟುಡಿಯೋದಲ್ಲಿ ಹೊಸ ಹುಡುಗಿಯರಿಗೆ ಪಾಠ ಹೇಳುವವರು ಆ ಮೂರನೆಯ ರೀಲನ್ನು ತೋರಿಸುತ್ತಾರೆ. ಪಕ್ಕದಲ್ಲಿ ಏನಿಡುತ್ತೀರೋ ಅದರಂತೆ ಮುಖದ ಅರ್ಥ ಬದಲಾಗುತ್ತದೆ, ನೋಡಿ ಕಲಿಯಿರಿ ಎನ್ನುತ್ತಾರೆ. ಹುಡುಗಿಯರು ನನ್ನನ್ನು ಗೌರವದಿಂದ ನೋಡುತ್ತಾರೆ. ನಾನು ಕತ್ತರಿ ಹುಡುಕುವವಳ ಹಾಗೆ ಡ್ರಾಯರಿನೊಳಗೆ ತಲೆ ಹಾಕುತ್ತೇನೆ.

ಈ ಪತ್ರವನ್ನು ಅಂಚೆಗೆ ಹಾಕುತ್ತಿಲ್ಲ. ನಮ್ಮ ಪ್ರೊಜೆಕ್ಟರ್ ಮೆಕ್ಯಾನಿಕ್‌ನ ಅಕ್ಕ ಪೆರ್ಮ್‌ಗೆ ಹೊರಟಿದ್ದಾಳೆ, ನಿನ್ನ ಶಾಲೆಗೆ ಬಂದು ಕೈಯಲ್ಲೇ ಕೊಡುತ್ತಾಳೆ. ಓದಿ ಸುಡಬೇಕೆಂದು ಕೇಳುವುದಿಲ್ಲ. ಯಾರಿಗೆ ತೋರಿಸಬೇಕೆನಿಸಿದರೂ ತೋರಿಸು. ಅದಕ್ಕೇ ಕೆಳಗೆ ಗ್ಲಾಶಾ ಎಂದು ಬರೆಯದೆ, ಅವತ್ತು ಆ ಸಭೆಯಲ್ಲಿ ಎದ್ದು ನಿಂತು ಹೇಳಬೇಕಾಗಿದ್ದ ಪೂರ್ತಿ ಹೆಸರನ್ನು ಬರೆಯುತ್ತಿದ್ದೇನೆ. ಕ್ಷಮೆ ಕೇಳುವುದಿಲ್ಲ. ಕೇಳಬೇಕಾದವರು ತಿಖ್ವಿನ್‌ನ ಮಣ್ಣಿನಲ್ಲಿದ್ದಾರೆ. ನನಗೆ ನಾಚಿಕೆಯಾಗುತ್ತಿದೆ, ಫೇನ್ಯಾ, ಅಷ್ಟೇ.

ಮೂರನೆಯ ತಟ್ಟೆಯಲ್ಲಿ ಉಂಡವಳು,
ಗ್ಲಾಫಿರಾ ಇಗ್ನಾತ್ಯೆವ್ನಾ ಸ್ತೆಗಾಲೊವಾ
ಸಂಕಲನಗಾರ್ತಿ

ಮ.ವಿ.: ಇಷ್ಟು ಕಾಡು ನೆಟ್ಟೆ, ಒಲೆ ಹಚ್ಚಲೇ ಇಲ್ಲ. ನೀನು ಕೇಳಿದ್ದು ಒಂದೇ ಪ್ರಶ್ನೆ.

ಇದರ ಜೊತೆ ಹನ್ನೊಂದು ಫ್ರೇಮುಗಳ ಒಂದು ತುಂಡು ಇದೆ. ಚಿತ್ರದಲ್ಲಿ ನೀನು ಕಂಡ ನಗುವಿನ ಬಾಲ ಅದು. ನಾನು ಕತ್ತರಿ ಹಾಕಿದ ಮರುಕ್ಷಣದ್ದು. ಕಿಟಕಿಯ ಬೆಳಕಿಗೆ ಹಿಡಿದು ನೋಡು. ಮೊದಲ ನಾಲ್ಕರಲ್ಲಿ ಮಾಮ ಒಬ್ಬರೇ ಇದ್ದಾರೆ. ಐದನೆಯದರಲ್ಲಿ ಕೆಳಗೆ, ಎಡ ಮೂಲೆಯಲ್ಲಿ, ಒಂದು ಕ್ಯಾನು ಮೇಲೆದ್ದು ಬರುತ್ತದೆ. ಅದನ್ನು ಎತ್ತಿ ಹಿಡಿದ ಕೈಗವಸಿನ ಹೆಬ್ಬೆರಳಿಗೆ ಬೇರೆ ನೂಲಿನ ತೇಪೆ ಇದೆ.

ಅವತ್ತು ನೀನು ಸಾರು ತಂದವಳು ದೊಡ್ಡ ದೀಪಗಳ ಬೆಳಕಿಗೆ ಕಣ್ಣು ಕುಕ್ಕಿ, ಉಪ್ಪಿನ ಹಿಮದ ಮೇಲೆ ಕಾಲು ಜಾರಿ, ಕೂತಲ್ಲೇ ಮಾಮನ ಕಾಲ ಬುಡದ ತನಕ ಜಾರಿಕೊಂಡು ಬಂದೆ. ಕಣ್ಣು ಬಿಗಿಯಾಗಿ ಮುಚ್ಚಿದ್ದೆ, ಕ್ಯಾನನ್ನು ಮಾತ್ರ ತಲೆಯ ಮೇಲೆ ಎತ್ತಿ ಹಿಡಿದು "ಅಪ್ಪಾ, ಒಂದು ಹನೀನೂ ಚೆಲ್ಲಿಲ್ಲ!" ಎಂದು ಕೂಗಿದೆ. ಎಲ್ಲರೂ ನಕ್ಕರು, ನೀನು ನಾಚಿ ಓಡಿಹೋದೆ. ಕ್ಯಾಮೆರಾ ತಿರುಗುತ್ತಿತ್ತೆಂದು ನಿನಗೆ ಗೊತ್ತೇ ಆಗಲಿಲ್ಲ.

ಮಾಮ ನಕ್ಕದ್ದು ನಿನ್ನನ್ನು ನೋಡಿ. ಕ್ಯಾನು ಕಾಣಿಸುವ ಮೊದಲೇ ನಾನು ಕತ್ತರಿಸಿದೆ.

ಈ ಫಿಲ್ಮಿಗೆ ಬಹಳ ಬೇಗ ಬೆಂಕಿ ಹತ್ತುತ್ತದೆ. ಒಲೆಯ ಹತ್ತಿರ ಇಡಬೇಡ.